ಜೂನ್ 30ಕ್ಕೆ ನಿವೃತ್ತಿ, ಜುಲೈ 1ರ ಇನ್‌ಕ್ರಿಮೆಂಟ್: ನಾನು ಪಡೆದದ್ದು ಹೀಗೆ

‘ಅದು ಕೆಪಿಟಿಸಿಎಲ್‌ನವರ ಕೇಸು ಮಾರಾಯ, ನಮಗೆಲ್ಲಿ ಕೊಡ್ತಾರೆ?’ ನಿವೃತ್ತಿಯ ಮರುದಿನದ ಇನ್‌ಕ್ರಿಮೆಂಟೂ ಸಲ್ಲಬೇಕೆಂದು ವಿದ್ಯುತ್ ಪ್ರಸರಣ ನಿಗಮದ (ಕೆಪಿಟಿಸಿಎಲ್) ನೌಕರರ ಕೇಸಿನಲ್ಲಿ ಸುಪ್ರೀಂ ಕೋರ್ಟ್ ಹೇಳಿದಾಗ ಕುಮಟೆಯ ನಮ್ಮ ನಿವೃತ್ತರ ಬಳಗದಲ್ಲಿ ಹೀಗೆಂದವರೇ ಈಗ ನನ್ನ ಫೈಲಿನ ಜೆರಾಕ್ಸ್ ಕೇಳುತ್ತಿದ್ದಾರೆ.

ನಾನು ಸರ್ಕಾರಿ ನೌಕರಿಯಿಂದ ನಿವೃತ್ತನಾದದ್ದು 2021ರ ಜೂನ್ 30ಕ್ಕೆ. ವರ್ಷವಿಡೀ ದುಡಿದು ಗಳಿಸಿದ ಇನ್‌ಕ್ರಿಮೆಂಟ್ 1,450 ರೂಪಾಯಿ ಮರುದಿನದ್ದು ಎಂಬ ಕಾರಣಕ್ಕೆ ಹೋಯಿತು. ಪಿಂಚಣಿಯಲ್ಲಿ 725 ಕಡಿಮೆ, ಅದರ ಮೇಲಿನ ತುಟ್ಟಿಭತ್ಯೆಯೂ ಇಲ್ಲ, ಅದೂ ಬದುಕಿರುವ ತನಕ. ಕೆಪಿಟಿಸಿಎಲ್ ಕೇಸಿನ ಆ ತೀರ್ಪು, ಅಂದರೆ 2023ರ ಏಪ್ರಿಲ್ 11ರ ಮುಂಡಿನಮನಿ ತೀರ್ಪು, ಓದಿದ ದಿನವೇ ಇಲಾಖೆಗೆ ಮನವಿ ಬರೆದೆ.

ಮೊದಲ ಮನವಿಗೆ ಉತ್ತರವೇ ಬರಲಿಲ್ಲ. ನೆನಪೋಲೆಗೆ ‘ತಾವು ಸದರಿ ಪ್ರಕರಣದಲ್ಲಿ ಅರ್ಜಿದಾರರಲ್ಲ’ ಎಂಬ ಒಂದು ಸಾಲಿನ ಹಿಂಬರಹ (ಕಚೇರಿಯ ಲಿಖಿತ ಉತ್ತರ). ಆ ಹಿಂಬರಹವನ್ನು ಜೋಪಾನವಾಗಿಡಿ. ಸರ್ಕಾರಿ ನೌಕರರ ಟ್ರಿಬ್ಯೂನಲ್‌ನಲ್ಲಿ (ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ, ಕೆಎಸ್‌ಎಟಿ) ಪ್ರಶ್ನಿಸುವುದಕ್ಕೆ ಅದೇ ಬೇಕು. ಪಿಂಚಣಿ ಅದಾಲತ್ತಿಗೂ ಹೋಗಿ ನೋಡಿದೆ. ಲೆಕ್ಕ ತಪ್ಪಿದ್ದರೆ ಅಲ್ಲಿ ಸರಿಯಾಗುತ್ತದೆ, ಇಂಥ ಹಕ್ಕಿನ ಪ್ರಶ್ನೆ ಅಲ್ಲಿ ಬಗೆಹರಿಯುವುದಿಲ್ಲ. ಅಂಕೋಲೆಯ ಸ್ನೇಹಿತರೊಬ್ಬರು ಗ್ರಾಹಕರ ಆಯೋಗಕ್ಕೆ ಹೋಗಿ ಐದಾರು ಸಾವಿರ ಕಳೆದುಕೊಂಡರು. ಸರ್ಕಾರಿ ನೌಕರನ ಸೇವಾ ವಿಷಯ ಅಲ್ಲಿ ನಡೆಯುವುದಿಲ್ಲವೆಂದು ಸುಪ್ರೀಂ ಕೋರ್ಟ್ 2013ರಲ್ಲೇ ಹೇಳಿದೆ.

ನಮ್ಮ ಜಿಲ್ಲೆಗೆ ಕೆಎಸ್‌ಎಟಿಯ ಬೆಳಗಾವಿ ಪೀಠ. ಒಬ್ಬ ವಕೀಲರು ನಲವತ್ತು ಸಾವಿರ ಕೇಳಿದರು. ಇನ್ನೊಬ್ಬರು ಹದಿನೈದಕ್ಕೆ ಒಪ್ಪಿದರು, ಇಬ್ಬರು ಕೂಡಿ ಅರ್ಜಿ ಹಾಕಿದೆವು. ಬಸ್ಸು, ಟೈಪಿಂಗ್ ಎಲ್ಲ ಸೇರಿ ನನ್ನ ಪಾಲಿಗೆ ಹತ್ತರ ಹತ್ತಿರ ಬಿತ್ತು.

ಕೇಸು ನಿಂತದ್ದು ಸೇವಾ ಪುಸ್ತಕದ ಒಂದೇ ಪುಟದ ಮೇಲೆ. 1-7-2020ರಿಂದ 30-6-2021ರವರೆಗೆ ವೇತನರಹಿತ ರಜೆ ಇಲ್ಲ, ದಂಡನೆ ಇಲ್ಲ. ಕೆಳಗೆ ಅಧಿಕಾರಿಯ ಸಹಿ, ನೀಲಿ ಮೊಹರು. ಆರ್‌ಟಿಐ ಹಾಕಿ ಅದರ ದೃಢೀಕೃತ ಪ್ರತಿ ತೆಗೆದಿದ್ದೆ. ಟ್ರಿಬ್ಯೂನಲ್‌ಗೆ ಹೋಗುವ ಗಡುವು ಒಂದು ವರ್ಷ, ಅದು ದಾಟಿತ್ತು. ಪಿಂಚಣಿ ಕಡಿಮೆ ಬರುವುದು ತಿಂಗಳು ತಿಂಗಳೂ ಮುಂದುವರಿಯುವ ಅನ್ಯಾಯ ಎಂಬ ಸುಪ್ರೀಂ ಕೋರ್ಟಿನ 2008ರ ತರ್ಸೇಮ್ ಸಿಂಗ್ ತೀರ್ಪು ಅಲ್ಲಿ ಕೈಹಿಡಿಯಿತು. ವಿಳಂಬ ಮನ್ನಾ ಅರ್ಜಿಗೆ ನಾನೇ ಸೇರಿಸಿದ ಎರಡು ಸಾಲುಗಳನ್ನು ಮಾತ್ರ ಇಲ್ಲಿ ಬರೆಯುವುದಿಲ್ಲ. ವಕೀಲರೇ ಅದನ್ನು ಬೇರೆ ಕೇಸಿಗೂ ಬಳಸಿಕೊಂಡರು.

ನಮ್ಮ ಮನವಿಯನ್ನು ಮೂರು ತಿಂಗಳಲ್ಲಿ ತೀರ್ಮಾನಿಸಿ ಎಂದು ಇಲಾಖೆಗೆ ಆದೇಶವಾಯಿತು. ಇಲಾಖೆ ಆಮೇಲೂ ಎಳೆದಾಡಿತು. ಪ್ರಕರಣದಲ್ಲಿ ಇಲ್ಲದವರಿಗೂ 1-5-2023ರಿಂದ ಹೆಚ್ಚಿನ ಪಿಂಚಣಿ ಎಂದು ಸುಪ್ರೀಂ ಕೋರ್ಟ್ 2025ರ ಫೆಬ್ರವರಿ 20ರಂದು ಅಂತಿಮವಾಗಿ ಹೇಳಿದ್ದನ್ನು ಲಗತ್ತಿಸಿ ನ್ಯಾಯಾಂಗ ನಿಂದನೆಯ ನೋಟಿಸು ಕೊಡಿಸಿದ ಮೇಲೆ ಫೈಲು ಬೆಂಗಳೂರಿಗೆ ಹೋಯಿತು. ಬಾಕಿ ಮೂವತ್ತು ಸಾವಿರದ ಆಚೆ ಈಚೆ ಬಂತು. ಈಗ ತಿಂಗಳಿಗೆ ಸಾವಿರದ ಇನ್ನೂರರಷ್ಟು ಹೆಚ್ಚು.

ಗ್ರಾಚ್ಯುಟಿ, ಕಮ್ಯುಟೇಶನ್ (ಪಿಂಚಣಿಯ ಒಂದು ಪಾಲನ್ನು ಮುಂಗಡವಾಗಿ ಇಡಿಗಂಟಾಗಿ ಪಡೆಯುವುದು) ವ್ಯತ್ಯಾಸ ಬಂದಿಲ್ಲ. ಆದೇಶದಲ್ಲಿ ಪಿಂಚಣಿಯ ಮಾತಷ್ಟೇ ಇದೆ ಎನ್ನುತ್ತಾರೆ. ಅದಕ್ಕೆ ಬೇರೆ ಮನವಿ ಕೊಟ್ಟಿದ್ದೇನೆ, ಹಿಂಬರಹಕ್ಕೆ ಕಾಯುತ್ತಿದ್ದೇನೆ.