ಕಾಳು ಸಾರಿಗೆ ಬೇರೆಯೇ ಪುಡಿ

ಅಂಗಡಿಗೆ ಹೋಗಿ ಕಾಳು ಸಾರಿನ ಪುಡಿ ಕೊಡಿ ಅಂದರೆ ಸಾಂಬಾರ್ ಪುಡಿಯ ಪೊಟ್ಟಣ ಕೈಗೆ ಬರುತ್ತದೆ. ಎರಡೂ ಒಂದೇ ಅನ್ನುವ ಲೆಕ್ಕ. ಹೆಸರುಕಾಳು, ಅಲಸಂದೆ, ಹುರುಳಿ, ಅವರೆ, ಯಾವುದಕ್ಕಾದರೂ ಅದೇ ಪುಡಿ, ಅದೇ ಎರಡು ಚಮಚ. ಸಾರು ಕೆಟ್ಟದಾಗೇನೂ ಇರುವುದಿಲ್ಲ. ಆದರೆ ಎಲ್ಲ ಸಾರೂ ಒಂದೇ ರುಚಿಗೆ ಬಂದು ನಿಲ್ಲುತ್ತದೆ. ತಟ್ಟೆಯಲ್ಲಿರುವುದು ಹುರುಳಿಯೋ ಹೆಸರುಕಾಳೋ ಅಂತ ಕಣ್ಣಿಂದ ನೋಡಿಯೇ ತಿಳಿಯಬೇಕು. ನಾಲಿಗೆಗೆ ಗೊತ್ತಾಗುವುದಿಲ್ಲ.

ನನಗೆ ಇದು ಬಹಳ ಬೇಜಾರಿನ ವಿಷಯ. ಹುರುಳಿಗೆ ಅದರದ್ದೇ ಒಂದು ಮಣ್ಣಿನ ಘಮ ಇದೆ. ಅಲಸಂದೆಗೆ ಸಣ್ಣ ಸಿಹಿ ಇದೆ. ಅವರೆಯ ಸೊಗಡಿನ ಬಗ್ಗೆ ನಮ್ಮ ಕಡೆಯವರಿಗೆ ಹೇಳಬೇಕಾಗಿಯೇ ಇಲ್ಲ. ಪುಡಿ ಅನ್ನುವುದು ಇವುಗಳನ್ನು ಎತ್ತಿ ಹಿಡಿಯಬೇಕು, ಮುಚ್ಚಿ ಹಾಕಬಾರದು. ಹಾಗಾಗಿ ಕಾಳಿಗೆಂದೇ ಬೇರೆ ಪುಡಿ ಮಾಡಿಕೊಳ್ಳುವುದಕ್ಕೆ ಶುರು ಮಾಡಿದೆ. ಈಗ ಮನೆಯಲ್ಲಿ ಅದೇ ಪುಡಿ.

ಮೊದಲು, ಇದ್ದ ಪುಡಿ ಯಾಕೆ ಹೊಂದುವುದಿಲ್ಲ ಅಂತ ನೋಡೋಣ. ಹುಳಿ ಪುಡಿಯಲ್ಲಿ, ಅಂದರೆ ಸಾಂಬಾರ್ ಪುಡಿಯಲ್ಲಿ, ಕಡಲೆಬೇಳೆ, ಉದ್ದಿನಬೇಳೆ ಹುರಿದು ಹಾಕಿರುತ್ತಾರೆ. ತರಕಾರಿ ಹುಳಿ ಮಂದವಾಗಲಿ ಅಂತ. ಆದರೆ ಕಾಳು ಬೆಂದಾಗ ತಾನೇ ಕಟ್ಟು ಬಿಡುತ್ತದೆ. ಸಾರನ್ನು ಮಂದ ಮಾಡುವ ಪಿಷ್ಟ ಅದರೊಳಗೇ ಇದೆ. ಅದರ ಮೇಲೆ ಬೇಳೆ ಇರುವ ಪುಡಿಯೂ ಬಿದ್ದರೆ ಸಾರು ಅಂಟಂಟಾಗುತ್ತದೆ. ತಣ್ಣಗಾದ ಮೇಲಂತೂ ಸೌಟು ನಿಲ್ಲುವಷ್ಟು ಗಟ್ಟಿ. ಇನ್ನು ಸಾರಿನ ಪುಡಿಯಲ್ಲಿ ಬೇಳೆ ಇರುವುದಿಲ್ಲ, ನಿಜ. ಅದರಲ್ಲಿ ಮೆಣಸು, ಜೀರಿಗೆ ಮುಂದೆ ನಿಲ್ಲುತ್ತವೆ. ತಿಳಿಸಾರಿಗೆ ಅದು ಸರಿ. ಕಡಲೆಕಾಳಿನಂಥ ಗಟ್ಟಿ ಕಾಳಿನ ಮುಂದೆ ತೆಳ್ಳಗಾಗಿಬಿಡುತ್ತದೆ.

ಹಾಗಾಗಿ ನನ್ನ ಪುಡಿಯಲ್ಲಿ ಬೇಳೆ ಇಲ್ಲವೇ ಇಲ್ಲ. ಧನಿಯಾ ಜಾಸ್ತಿ. ಅಳತೆ ಹೀಗೆ: ಧನಿಯಾ 250 ಗ್ರಾಂ, ಬ್ಯಾಡಗಿ ಮೆಣಸಿನಕಾಯಿ 125 ಗ್ರಾಂ, ಗುಂಟೂರು ಮೆಣಸಿನಕಾಯಿ 50 ಗ್ರಾಂ, ಜೀರಿಗೆ 30 ಗ್ರಾಂ, ಕರಿಮೆಣಸು 20 ಗ್ರಾಂ, ಮೆಂತ್ಯ ಒಂದು ಟೀ ಚಮಚ, ಸಾಸಿವೆ ಒಂದು ಟೀ ಚಮಚ, ಅರಿಶಿನದ ಪುಡಿ ಎರಡು ಟೀ ಚಮಚ, ಒಣಗಿಸಿದ ಕರಿಬೇವು ಒಂದು ದೊಡ್ಡ ಹಿಡಿ. ಇಷ್ಟಕ್ಕೆ ಹತ್ತಿರ ಹತ್ತಿರ ಅರ್ಧ ಕೆಜಿ ಪುಡಿ ಬರುತ್ತದೆ. ವಾರದಲ್ಲಿ ಎರಡು ಮೂರು ಸಲ ಕಾಳು ಸಾರು ಮಾಡುವ ನಾಲ್ಕು ಜನರ ಮನೆಗೆ ಮೂರು ತಿಂಗಳಿಗೆ ಧಾರಾಳ. ಅದಕ್ಕಿಂತ ಜಾಸ್ತಿ ಮಾಡಿಟ್ಟರೆ ಘಮ ಹೋಗುತ್ತದೆ, ಸುಮ್ನೆ ದಂಡ.

ಚಕ್ಕೆ ಲವಂಗ ಎಲ್ಲಿ ಅಂತ ಕೇಳುತ್ತೀರಿ, ಅಲ್ವಾ? ಅವನ್ನು ಈ ಪುಡಿಗೆ ಸೇರಿಸುವುದಿಲ್ಲ. ಎರಡು ಬೆರಳುದ್ದದ ನಾಲ್ಕು ತುಂಡು ಚಕ್ಕೆ, ಒಂದು ಚಮಚ ಲವಂಗ, ಎರಡು ಮರಾಠಿ ಮೊಗ್ಗು, ಇಷ್ಟನ್ನು ಬೆಚ್ಚಗೆ ಮಾಡಿ ಪುಡಿ ಮಾಡಿ ಚಿಕ್ಕ ಶೀಶೆಯಲ್ಲಿ ಬೇರೆ ಇಟ್ಟಿರುತ್ತೇನೆ. ಬೇಕಾದ ಸಾರಿಗೆ ಕಾಲು ಚಮಚ ಹಾಕಿದರಾಯಿತು. ಒಂದೇ ಡಬ್ಬಕ್ಕೆ ಎಲ್ಲ ಸುರಿದರೆ ಹುರುಳಿ ಸಾರಿಗೂ ಬೇಡದ ಚಕ್ಕೆ ಹೋಗಿ ಬೀಳುತ್ತದೆ. ಈ ಎರಡು ಡಬ್ಬದ ಪದ್ಧತಿ ಬಂದ ಮೇಲೆಯೇ ನಮ್ಮ ಮನೆಯಲ್ಲಿ ಒಂದೊಂದು ಕಾಳಿಗೆ ಒಂದೊಂದು ರುಚಿ ಬಂದಿದ್ದು.

ಮೆಣಸಿನಕಾಯಿ ವಿಷಯದಲ್ಲಿ ಸ್ವಲ್ಪ ಹಟ ಒಳ್ಳೆಯದು. ಬ್ಯಾಡಗಿ ಬಣ್ಣಕ್ಕೆ, ಗುಂಟೂರು ಖಾರಕ್ಕೆ. ಒಂದೇ ಜಾತಿ ಹಾಕಿದರೆ ಒಂದು ಸಿಕ್ಕಿ ಇನ್ನೊಂದು ತಪ್ಪುತ್ತದೆ. ಹಾವೇರಿ ಜಿಲ್ಲೆಯ ಬ್ಯಾಡಗಿಯ ಹೆಸರು ಹೊತ್ತ ಈ ಕಾಯಿಗೆ 2011ರಲ್ಲಿ ಭೌಗೋಳಿಕ ಸೂಚಕದ ಮಾನ್ಯತೆ ಸಿಕ್ಕಿದೆ. ನಿಜವಾದ ಬ್ಯಾಡಗಿ ಉದ್ದಕ್ಕೆ, ತೆಳ್ಳಗೆ, ಮೈ ತುಂಬ ಸುಕ್ಕು ಸುಕ್ಕಾಗಿರುತ್ತದೆ. ಬೀಜ ಕಮ್ಮಿ. ನುಣ್ಣಗೆ ಉಬ್ಬಿಕೊಂಡು ಹೊಳೆಯುವ ಕಾಯನ್ನು ಬ್ಯಾಡಗಿ ಅಂತ ಕೊಟ್ಟರೆ ನಾನು ತೆಗೆದುಕೊಳ್ಳುವುದಿಲ್ಲ. ಹೊಸ ಬೆಳೆ ಮಾರುಕಟ್ಟೆಗೆ ಜನವರಿಯಿಂದ ಬರುತ್ತದೆ. ಫೆಬ್ರವರಿ, ಮಾರ್ಚ್‌ನಲ್ಲಿ ಕೊಂಡರೆ ಕಾಯಿಯೂ ಹೊಸದು, ಬಿಸಿಲೂ ಚೆನ್ನಾಗಿರುತ್ತದೆ. ಎರಡು ದಿನ ಬಿಸಿಲಿಗೆ ಹಾಕಿ. ತೊಟ್ಟು ಮುರಿದರೆ ಪಟ್ ಅಂತ ಸದ್ದಾಗಬೇಕು. ಬಾಗಿದರೆ ಇನ್ನೂ ಒಂದು ದಿನ ಒಣಗಲಿ.

ಇನ್ನು ಹುರಿಯುವುದು. ಪುಡಿಯ ಹಣೆಬರಹ ಇರುವುದೇ ಇಲ್ಲಿ. ಎಲ್ಲವನ್ನೂ ಬೇರೆ ಬೇರೆ ಹುರಿಯಬೇಕು. ಒಟ್ಟಿಗೆ ಹಾಕಿದರೆ ಧನಿಯಾ ಬಿಸಿಯಾಗುವಷ್ಟರಲ್ಲಿ ಜೀರಿಗೆ ಕಪ್ಪಾಗಿರುತ್ತದೆ. ದಪ್ಪ ತಳದ ಬಾಣಲೆ, ಸಣ್ಣ ಉರಿ. ಎಣ್ಣೆ ಬೇಡ. ಎಣ್ಣೆ ಸೋಕಿದ ಪುಡಿಗೆ ಬೇಗ ಮುಗ್ಗಲು ವಾಸನೆ ಬರುತ್ತದೆ.

ಧನಿಯಾಗೆ ತಾಳ್ಮೆ ಬೇಕು. ಮೊದಲು ಹಸಿ ಹುಲ್ಲಿನ ವಾಸನೆ ಬರುತ್ತದೆ. ಆಮೇಲೆ ಕಿತ್ತಳೆ ಸಿಪ್ಪೆ ಚಿವುಟಿದ ಹಾಗೆ ಒಂದು ಘಮ ಏಳುತ್ತದೆ. ಆಗ ಒಂದು ಕಾಳು ತೆಗೆದು ಹೆಬ್ಬೆರಳು ತೋರುಬೆರಳ ಮಧ್ಯೆ ಒತ್ತಿ. ಸುಲಭವಾಗಿ ಎರಡು ಹೋಳಾದರೆ ಆಯಿತು. ಬಣ್ಣ ಒಂದು ಚೂರು ಗಾಢವಾದರೆ ಸಾಕು, ಕಂದಾಗುವವರೆಗೆ ಕಾಯಬೇಡಿ. ತಕ್ಷಣ ಅಗಲ ತಟ್ಟೆಗೆ ಸುರಿಯಿರಿ. ಒಲೆ ಆರಿಸಿ ಬಾಣಲೆಯಲ್ಲೇ ಬಿಟ್ಟರೆ ಆ ಕಾವಿಗೇ ಸೀದುಹೋಗುತ್ತದೆ.

ಜೀರಿಗೆ ಕೈಗೆ ಬಿಸಿ ತಾಗಿದರೆ ಸಾಕು. ಮೆಣಸು ಒಂದೆರಡು ಚಟಪಟ ಅನ್ನಬೇಕು. ಮೆಂತ್ಯ ಕೆಂಪಗಾಗುವ ಹೊತ್ತಿಗೆ ತೆಗೆಯಬೇಕು, ಕಂದು ದಾಟಿದರೆ ಡಬ್ಬ ಪೂರ್ತಿ ಕಹಿ. ಒಂದು ಚಮಚಕ್ಕಿಂತ ಮೆಂತ್ಯ ಜಾಸ್ತಿ ಮಾಡಲೂಬಾರದು. ಕಾಳಿನ ಸಾರನ್ನು ಮತ್ತೆ ಮತ್ತೆ ಕುದಿಸುತ್ತೇವೆ, ಪ್ರತಿ ಕುದಿಗೂ ಕಹಿ ಮೇಲೆ ಬರುತ್ತದೆ. ಮೆಣಸಿನಕಾಯಿಯನ್ನು ಕೊನೆಗೆ ಹಾಕಿ. ಬಿಸಿಲಲ್ಲಿ ಗರಿಗರಿ ಒಣಗಿದ್ದರೆ ಬೆಚ್ಚಗಾದರೆ ಸಾಕು, ಹುರಿಯಲೇಬೇಕು ಅಂತಿಲ್ಲ. ಘಾಟು ಎದ್ದರೆ ಬಣ್ಣ ಹೋಗುತ್ತಿದೆ ಅಂತ ಲೆಕ್ಕ.

ಎಲ್ಲ ಪೂರ್ತಿ ಆರಿದ ಮೇಲೆ ಪುಡಿ ಮಾಡುವುದು. ಮಿಕ್ಸಿಯಲ್ಲಾದರೆ ಬಿಟ್ಟು ಬಿಟ್ಟು ತಿರುಗಿಸಿ. ಒಂದೇ ಸಮನೆ ಓಡಿಸಿದರೆ ಜಾರ್ ಬಿಸಿಯಾಗಿ ಘಮ ಅಲ್ಲೇ ಹಾರಿಹೋಗುತ್ತದೆ. ಜಾಸ್ತಿ ಇದ್ದರೆ ಮಿಲ್ಲಿಗೆ ಕೊಡಬಹುದು. ಆದರೆ ನಮಗಿಂತ ಮುಂಚೆ ಏನು ಬೀಸಿದ್ದಾರೆ ಕೇಳಿ. ಯಾರದೋ ಗರಂ ಮಸಾಲೆಯ ವಾಸನೆ ನಮ್ಮ ಪುಡಿಗೆ ಹತ್ತಿದರೆ ಏನೂ ಮಾಡೋಕಾಗಲ್ಲ. ಮಿಲ್ಲಿಂದ ತಂದ ಪುಡಿ ಮುಟ್ಟಿದರೆ ಬಿಸಿ ಇರುತ್ತದೆ. ಪೇಪರ್ ಮೇಲೆ ಹರಡಿ ಆರಿಸಿಯೇ ತುಂಬಬೇಕು. ಬಿಸಿಯಾಗಿ ಮುಚ್ಚಿದರೆ ಒಳಗೆ ಬೆವರಿ ಗಂಟು ಕಟ್ಟುತ್ತದೆ. ಜರಡಿ ಹಿಡಿದು ತೀರಾ ನುಣ್ಣಗೆ ಮಾಡುವುದು ನನಗೆ ಇಷ್ಟವಿಲ್ಲ. ಸ್ವಲ್ಪ ತರಿ ಇದ್ದರೆ ಘಮ ಹೆಚ್ಚು ದಿನ ಉಳಿಯುತ್ತದೆ.

ಪುಡಿಯೊಳಗೆ ಬೇಡವೇ ಬೇಡ ಅನ್ನುವ ಮೂರು ಸಾಮಾನಿವೆ. ಕೊಬ್ಬರಿ ಹಾಕಿದರೆ ಕೆಲವೇ ವಾರಕ್ಕೆ ಮುಗ್ಗುತ್ತದೆ. ಕಾಯಿಯನ್ನು ಆಗಾಗಲೇ ತುರಿದು ರುಬ್ಬುವುದೇ ಚೆಂದ. ಉಪ್ಪು ಹಾಕಿದರೆ ತೇವ ಎಳೆಯುತ್ತದೆ, ಮತ್ತೆ ಸಾರಿಗೆ ಖಾರ ಹೆಚ್ಚಿಸೋಣ ಅಂದರೆ ಉಪ್ಪೂ ಜೊತೆಗೆ ಏರುತ್ತದೆ. ಇಂಗನ್ನು ಒಗ್ಗರಣೆಗೇ ಇಟ್ಟುಕೊಳ್ಳಿ. ಡಬ್ಬದಲ್ಲಿ ಸೇರಿದರೆ ಪುಡಿಗೆಲ್ಲ ಇಂಗೇ ಯಜಮಾನ. ಅಂಗಡಿಯ ಪುಡಿ ಇಂಗಿನಲ್ಲಿ ಸಾಮಾನ್ಯವಾಗಿ ಗೋಂದು, ಗೋಧಿ ಅಥವಾ ಅಕ್ಕಿ ಹಿಟ್ಟು ಸೇರಿರುತ್ತದೆ. ಗೋಧಿ ಆಗದವರು ಪೊಟ್ಟಣ ಓದಿ ಕೊಳ್ಳಬೇಕು.

ಈಗ ಸಾರು. ಒಂದು ಲೋಟ ಒಣ ಕಾಳು ರಾತ್ರಿ ನೆನೆಹಾಕಿ. ನೆನೆದ ನೀರು ಚೆಲ್ಲಿಬಿಡಿ. ಹೊಟ್ಟೆ ಉಬ್ಬರ ತರುವ ಅಂಶ ಸ್ವಲ್ಪ ಅದರಲ್ಲಿ ಹೋಗುತ್ತದೆ. ಬೇಯಿಸಿದ ನೀರನ್ನು ಮಾತ್ರ ಒಂದು ಹನಿಯೂ ಚೆಲ್ಲಬೇಡಿ, ಕಟ್ಟು ಅಂದರೆ ಅದೇ. ಹುಣಸೆಹಣ್ಣು, ಟೊಮೆಟೊ ಎರಡೂ ಕಾಳು ಪೂರ್ತಿ ಬೆಂದ ಮೇಲೆ. ಮೊದಲೇ ಹುಳಿ ಬಿದ್ದರೆ ಸಿಪ್ಪೆ ಮೆತ್ತಗಾಗುವುದಿಲ್ಲ, ಎಷ್ಟು ವಿಷಲ್ ಕೂಗಿಸಿದರೂ ಕಚ್ಚುವಾಗ ಗಟ್ಟಿ ಸಿಗುತ್ತದೆ.

ಬಾಣಲೆಯಲ್ಲಿ ಎರಡು ಚಮಚ ಎಣ್ಣೆ, ಹೆಚ್ಚಿದ ಈರುಳ್ಳಿ, ಏಳೆಂಟು ಎಸಳು ಬೆಳ್ಳುಳ್ಳಿ. ಈರುಳ್ಳಿ ಬಾಡಿದ ಮೇಲೆ ಉರಿ ಸಣ್ಣ ಮಾಡಿ ಮೂರು ಟೀ ಚಮಚ ಪುಡಿ ಹಾಕಿ ಒಂದು ಸುತ್ತು ಕೈಯಾಡಿಸಿ. ಮೆಣಸಿನಕಾಯಿಯ ಬಣ್ಣ ಎಣ್ಣೆಯಲ್ಲಿ ಬಿಡುತ್ತದೆ, ನೀರಲ್ಲಿ ಅಷ್ಟು ಬಿಡುವುದಿಲ್ಲ. ಕುದಿಯುವ ಸಾರಿಗೆ ನೇರವಾಗಿ ಉದುರಿಸಿದ ಪುಡಿಗೂ ಇದಕ್ಕೂ ನೋಡಿದರೇ ವ್ಯತ್ಯಾಸ ಗೊತ್ತಾಗುತ್ತದೆ. ಇದನ್ನು ಒಂದು ಹಿಡಿ ಕಾಯಿತುರಿ, ಒಂದು ಟೊಮೆಟೊ ಮತ್ತು ಬೆಂದ ಕಾಳಲ್ಲೇ ಒಂದು ಹಿಡಿ ತೆಗೆದುಕೊಂಡು ಜೊತೆಗೆ ನುಣ್ಣಗೆ ರುಬ್ಬಿ. ಆ ಒಂದು ಹಿಡಿ ಕಾಳನ್ನು ಮರೆಯಬೇಡಿ. ಪುಡಿಯಲ್ಲಿ ಬೇಳೆ ಬೇಡ ಅಂದಿದ್ದು ಇದಕ್ಕೇ. ಸಾರು ಮಂದವಾಗುವುದು ಅದೇ ಕಾಳಿನಿಂದ, ರುಚಿಯೂ ಅದರದ್ದೇ. ರುಬ್ಬಿದ್ದನ್ನು ಕಟ್ಟಿಗೆ ಸೇರಿಸಿ, ಉಪ್ಪು ಹಾಕಿ ಹತ್ತು ನಿಮಿಷ ಕುದಿಸಿ. ಸಾಸಿವೆ, ಕರಿಬೇವು, ಇಂಗಿನ ಒಗ್ಗರಣೆ.

ಕಾಳಿಗೆ ತಕ್ಕ ಹಾಗೆ ಕೈ ಬದಲಾಗುತ್ತದೆ. ಹುರುಳಿಗೆ ಚಿಕ್ಕ ಶೀಶೆ ಮುಟ್ಟಬೇಡಿ. ಅದಕ್ಕೆ ಬೇಕಾದ್ದು ಬೆಳ್ಳುಳ್ಳಿ, ಹುಣಸೆಹುಳಿ, ಮೇಲೆ ಅರ್ಧ ಚಮಚ ಜೀರಿಗೆ ಮೆಣಸು ಕುಟ್ಟಿ ಹಾಕುವುದು. ಕಟ್ಟು ಬಸಿದು ಸಾರು, ಉಳಿದ ಕಾಳಿಗೆ ಒಗ್ಗರಣೆ ಹಾಕಿ ಪಲ್ಯ, ಜೊತೆಗೆ ರಾಗಿ ಮುದ್ದೆ. ಹುರುಳಿ ಕಟ್ಟಿನ ಸಾರು ಮಾಡಿದ ದಿನಕ್ಕಿಂತ ಮಾರನೆಯ ದಿನ ಕುದಿಸಿದಾಗಲೇ ಚೆನ್ನ. ಹೆಸರುಕಾಳು ಮೊಳಕೆ ಬಂದಿದ್ದರೆ ಪುಡಿ ಎರಡೇ ಚಮಚ, ಒಂದು ಚೂರು ಶುಂಠಿ. ಕಡಲೆಕಾಳಿಗೆ ಧಾರಾಳವಾಗಿ ಹಾಕಿ, ಚಕ್ಕೆ ಲವಂಗದ ಪುಡಿಯೂ ಬೇಕು, ರುಬ್ಬುವಾಗ ಅರ್ಧ ಚಮಚ ಹುರಿದ ಗಸಗಸೆಯೂ ಇರಲಿ. ಅಲಸಂದೆಗೆ ಕಾಲು ಚಮಚ ಚಕ್ಕೆ ಲವಂಗ, ಎರಡು ಬದನೆಕಾಯಿ ಸೇರಿಸಿದರೆ ಊಟ ಮುಗಿಯುವುದೇ ಗೊತ್ತಾಗಲ್ಲ.

ಅವರೆಯ ಮಾತು ಬೇರೆ. ಡಿಸೆಂಬರ್, ಜನವರಿಯ ಇಬ್ಬನಿ ಬಿದ್ದ ಹಸಿ ಅವರೆ, ಮಾಗಡಿ ಕಡೆಯದೋ ಕೋಲಾರದ ಕಡೆಯದೋ, ಸುಲಿದರೆ ಬೆರಳಿಗೆ ಎಣ್ಣೆಯಂತೆ ಅಂಟಿ ಸೋಪು ಹಾಕಿದರೂ ಬಿಡದ ಸೊಗಡು. ಆ ಸಾರಿಗೆ ಪುಡಿ ಒಂದೂವರೆ ಚಮಚ ದಾಟಿಸಬೇಡಿ. ಹಸಿ ಕೊತ್ತಂಬರಿ, ಹಸಿಮೆಣಸಿನಕಾಯಿ, ಕಾಯಿ ರುಬ್ಬಿ ಹಾಕಿ. ಇಂಗೂ ಬೇಡ. ಹಿತಕಿದ ಬೇಳೆಯ ಸಾರಿಗೆ ಮಾತ್ರ ಚಕ್ಕೆ ಲವಂಗ ಚೆನ್ನಾಗಿ ಹೊಂದುತ್ತದೆ, ಸಿಪ್ಪೆ ತೆಗೆದ ಮೇಲೆ ಸೊಗಡು ಸ್ವಲ್ಪ ಇಳಿದಿರುತ್ತದೆ ನೋಡಿ.

ಅಮೆರಿಕದಲ್ಲಿರುವ ನಮ್ಮ ಅಕ್ಕನ ಮಗಳಿಗೂ ಇದೇ ಪುಡಿ ಹೋಗುತ್ತದೆ. ಅಲ್ಲಿ ಬ್ಲ್ಯಾಕ್ ಐಡ್ ಪೀಸ್ ಅಂತ ಮಾರುವುದು ನಮ್ಮ ಅಲಸಂದೆಯೇ, ಸಾರು ತಪ್ಪದೆ ಬರುತ್ತದೆ. ಡಬ್ಬಿಯಲ್ಲಿ ಬೇಯಿಸಿಟ್ಟ ಕಾಳು ಬಳಸುವ ದಿನ ಅವಳು ಫೋನ್ ಮಾಡಿ, "ಚಿಕ್ಕಮ್ಮ, ಉಪ್ಪು ಎಷ್ಟು ಹಾಕಲಿ?" ಅಂತ ಕೇಳುತ್ತಾಳೆ. ಆ ಡಬ್ಬಿಯ ನೀರಲ್ಲಿ ಮೊದಲೇ ಉಪ್ಪಿರುತ್ತದೆ. ಕಾಳು ತೊಳೆದುಕೊಂಡು, ಕಟ್ಟಿನ ಬದಲು ಎರಡು ಹಿಡಿ ಕಾಳು ರುಬ್ಬಿ ಹಾಕು, ಉಪ್ಪು ಕೊನೆಗೆ ನೋಡಿಕೊಂಡು ಹಾಕು ಅನ್ನುತ್ತೇನೆ. ಪುಡಿಯನ್ನು ಫ್ರೀಜರ್‌ನಲ್ಲಿಟ್ಟುಕೊಂಡಿರುತ್ತಾಳೆ, ಬಣ್ಣ ಕೊನೆಯವರೆಗೂ ಕೆಂಪಗೇ ಇರುತ್ತದೆ.

ನಮ್ಮಲ್ಲಿ ಅಷ್ಟು ಬೇಡ. ಗಾಜಿನ ಶೀಶೆ, ಬೆಳಕು ಬೀಳದ ಕಪಾಟು. ಕಿಟಕಿ ಪಕ್ಕ ಇಟ್ಟರೆ ಬಣ್ಣ ಮಾಸುತ್ತದೆ. ವಾರಕ್ಕೆ ಬೇಕಾದಷ್ಟನ್ನು ಮಾತ್ರ ಸಣ್ಣ ಡಬ್ಬಕ್ಕೆ ತೆಗೆದುಕೊಳ್ಳಿ, ಕುದಿಯುವ ಪಾತ್ರೆಯ ಮೇಲೆ ದೊಡ್ಡ ಶೀಶೆ ಹಿಡಿದು ಬಗ್ಗಿಸಬೇಡಿ, ಹಬೆ ಒಳಗೆ ಹೋಗುತ್ತದೆ. ಮೂರು ತಿಂಗಳಾದ ಮೇಲೆ ಒಂದು ಚಿಟಿಕೆ ಅಂಗೈಗೆ ಹಾಕಿ ಉಜ್ಜಿ ಮೂಸಿ ನೋಡಿ. ಧನಿಯಾದ ಘಮ ಬಾರದೆ ಬರೀ ಖಾರ ಮೂಗಿಗೆ ಹೊಡೆದರೆ ಅದು ಸಾರಿಗಲ್ಲ. ಬೆಂಡೆಕಾಯಿ, ಹಾಗಲಕಾಯಿ ಪಲ್ಯಕ್ಕೆ ಉದುರಿಸಿ ಖಾಲಿ ಮಾಡಿ, ಹೊಸದಾಗಿ ಧನಿಯಾ ಹುರಿಯಿರಿ.