ಮಕ್ಕಳ ಹೊಟ್ಟೆನೋವಿನಲ್ಲಿ ಅಲ್ಟ್ರಾಸೌಂಡ್: ನನ್ನ ಅನುಭವ

ಚಿಕ್ಕಮಗಳೂರಿನಲ್ಲಿ ರೇಡಿಯಾಲಜಿಸ್ಟ್ ಆಗಿರುವ ನನ್ನ ಬಳಿಗೆ ಬರುವ ಮಕ್ಕಳಲ್ಲಿ ಹೆಚ್ಚಿನವರು ಹೊಟ್ಟೆನೋವು, ವಾಂತಿ ಅಥವಾ ಬಿಡದ ಜ್ವರವೆಂದು ಮಕ್ಕಳ ತಜ್ಞರು ಚೀಟಿ ಬರೆದು ಕಳುಹಿಸಿದವರು. ಆ ಚೀಟಿಯೊಂದನ್ನೇ ನೆಚ್ಚಿಕೊಂಡು ನಾನು ಪ್ರೋಬ್ (ಹೊಟ್ಟೆಯ ಮೇಲೆ ಆಡಿಸುವ ಅಲ್ಟ್ರಾಸೌಂಡ್ ಯಂತ್ರದ ಕೈಹಿಡಿ) ಹಿಡಿಯುವುದಿಲ್ಲ. ನೋವು ಬಿಟ್ಟುಬಿಟ್ಟು ಬರುತ್ತದೆಯೇ, ವಾಂತಿ ಹಸಿರಾಗಿತ್ತೇ, ಮಲದಲ್ಲಿ ರಕ್ತವಿತ್ತೇ ಎಂದು ತಾಯಿಯನ್ನೇ ಕೇಳುತ್ತೇನೆ. ಏನನ್ನು ಹುಡುಕುತ್ತಿದ್ದೇವೆಂಬುದು ತಿಳಿಯದಿದ್ದರೆ, ಯಂತ್ರ ಎಷ್ಟೇ ಬೆಲೆಬಾಳುವುದಾದರೂ ಕಾಯಿಲೆ ಕಣ್ತಪ್ಪಿ ಹೋಗುತ್ತದೆ.

ಅಳುವ ಮಗು ಗಾಳಿ ನುಂಗುತ್ತದೆ, ಹೊಟ್ಟೆ ಬಿಗಿಹಿಡಿಯುತ್ತದೆ; ಕರುಳಿನಲ್ಲಿ ಗಾಳಿ ತುಂಬಿದರೆ ಧ್ವನಿತರಂಗ ಮುಂದಕ್ಕೆ ಸಾಗುವುದಿಲ್ಲ. ಆದ್ದರಿಂದ ಸಾಧ್ಯವಾದಷ್ಟೂ ಮಗುವನ್ನು ತಾಯಿಯ ಮಡಿಲಿನಲ್ಲಿಯೇ ಮಲಗಿಸಿ ನೋಡುತ್ತೇನೆ. ಮಲೆನಾಡಿನ ಮಳೆಗಾಲದಲ್ಲಿ ಹೊಟ್ಟೆಗೆ ಹಚ್ಚುವ ಜೆಲ್ ಮಂಜಿನಷ್ಟು ತಣ್ಣಗಿರುವುದರಿಂದ ಬಾಟಲಿಯನ್ನು ಬಿಸಿನೀರಿನಲ್ಲಿ ಇಟ್ಟಿರುತ್ತೇನೆ. ಮೊದಲು ಬಾಗಿದ ಮುಖದ ಕಾನ್ವೆಕ್ಸ್ ಪ್ರೋಬಿನಿಂದ ಇಡೀ ಹೊಟ್ಟೆಯನ್ನು ಒಮ್ಮೆ ನೋಡಿ, ಬಳಿಕ ಹೆಚ್ಚಿನ ಕಂಪನಾಂಕದ, ಅಂದರೆ 7ರಿಂದ 12 ಮೆಗಾಹರ್ಟ್ಸ್‌ನ ಚಪ್ಪಟೆ ಮುಖದ ಲೀನಿಯರ್ ಪ್ರೋಬ್ ಬಳಸುತ್ತೇನೆ. ಮಕ್ಕಳ ಹೊಟ್ಟೆಯ ಗೋಡೆ ತೆಳುವಾದ ಕಾರಣ ಈ ಪ್ರೋಬು ಕರುಳಿನ ಪದರಗಳನ್ನೂ ಬಿಡಿಸಿ ತೋರಿಸುತ್ತದೆ, ಅದೂ ವಿಕಿರಣವಿಲ್ಲದೆ.

ಮೂಡಿಗೆರೆ ಕಡೆಯ ಕಾಫಿ ತೋಟವೊಂದರ ಕಾರ್ಮಿಕರ ಲೈನ್ ಮನೆಯಿಂದ ಎಂಟು ತಿಂಗಳ ಗಂಡುಮಗುವನ್ನು ಕರೆತಂದಿದ್ದರು. "ಸ್ವಲ್ಪ ಹೊತ್ತು ಸುಮ್ನಿರ್ತಾನೆ ಡಾಕ್ಟ್ರೇ, ಆಮೇಲೆ ಕಾಲು ಮಡಚ್ಕೊಂಡು ಕಿರುಚ್ತಾನೆ, ಮತ್ತೆ ಸುಸ್ತಾಗಿ ಮಲಗ್ತಾನೆ" ಎಂದು ಅಜ್ಜಿ ಹೇಳಿದ ಕೂಡಲೇ ನನ್ನ ಕೈ ಹೊಟ್ಟೆಯ ಬಲಭಾಗಕ್ಕೆ ಹೋಯಿತು. ಪಕ್ಕೆಲುಬಿನ ಕೆಳಗೆ, ಅಡ್ಡಸೀಳಿನ ಚಿತ್ರದಲ್ಲಿ, ಉಂಗುರದೊಳಗೆ ಉಂಗುರ ಸ್ಪಷ್ಟವಾಗಿ ಕಾಣಿಸಿತು: ಅಂಗಿಯ ತೋಳು ತನ್ನೊಳಗೇ ಮಡಚಿಕೊಂಡಂತೆ ಸಣ್ಣಕರುಳಿನ ತುದಿ ದೊಡ್ಡಕರುಳಿನೊಳಗೆ ಹೊಕ್ಕಿತ್ತು. ಇದನ್ನು ಇಂಟಸಸೆಪ್ಶನ್ ಎನ್ನುತ್ತೇವೆ. ಹೆಚ್ಚಾಗಿ ಮೂರು ತಿಂಗಳಿನಿಂದ ಮೂರು ವರ್ಷದೊಳಗಿನ ಮಕ್ಕಳಲ್ಲಿ ಕಾಣುವ ಈ ತೊಂದರೆಯನ್ನು ತಡವಾಗಿ ಗುರುತಿಸಿದರೆ ರಕ್ತಸಂಚಾರ ನಿಂತು ಕರುಳು ಕೊಳೆಯುತ್ತದೆ. ಜೆಲ್ಲಿಯಂತಹ ಕೆಂಪು ಮಲ ಬರುವವರೆಗೂ ಕಾಯುವುದು ಸಲ್ಲದು. ಆದರೆ ಉಂಗುರ ಕಂಡ ಮಾತ್ರಕ್ಕೆ ಗಾಬರಿಯಾಗಬೇಕಿಲ್ಲ. ಸಣ್ಣಕರುಳಿನೊಳಗೆ ಸಣ್ಣಕರುಳು ಹೊಕ್ಕ, ಎರಡು ಸೆಂಟಿಮೀಟರಿಗಿಂತ ಕಿರಿದಾದ ಉಂಗುರಗಳು ನಾವು ನೋಡುತ್ತಿರುವಾಗಲೇ ಬಿಚ್ಚಿಕೊಳ್ಳುವುದುಂಟು.

ಈ ಮಗುವಿನದು ಮೂರು ಸೆಂಟಿಮೀಟರಿನಷ್ಟಿತ್ತು. ಕರುಳು ತೂತಾದ ಲಕ್ಷಣವಾಗಲಿ, ರಕ್ತಸಂಚಾರ ಕುಸಿಯುವ ಆಘಾತದ (ಶಾಕ್) ಸ್ಥಿತಿಯಾಗಲಿ ಇರಲಿಲ್ಲ. ಡ್ರಿಪ್ ಹಾಕಿಸಿ, ಶಸ್ತ್ರವೈದ್ಯರನ್ನು ಪಕ್ಕದಲ್ಲಿ ನಿಲ್ಲಿಸಿಕೊಂಡು, ಗುದದ್ವಾರದ ಮೂಲಕ ಬೆಚ್ಚಗಿನ ಸಲೈನ್ ಹರಿಸಿದೆವು. ಸಲೈನ್ ಬಾಟಲಿಯ ಎತ್ತರವೇ ಒತ್ತಡವನ್ನು ನಿರ್ಧರಿಸುವುದರಿಂದ ಅದನ್ನು ಸುಮಾರು ಒಂದು ಮೀಟರ್ ಮೇಲೆ ಇರಿಸಿದ್ದೆವು. ಒಳಹೊಕ್ಕ ಕರುಳು ಪರದೆಯ ಮೇಲೆ ನಿಧಾನವಾಗಿ ಹಿಂದೆ ಸರಿಯುತ್ತಾ ಬಂದು, ಸಣ್ಣಕರುಳು ದೊಡ್ಡಕರುಳನ್ನು ಸೇರುವ ಕವಾಟದ ಬಳಿ ಸ್ವಲ್ಪ ಹೊತ್ತು ತಡೆದು, ಕೊನೆಗೆ ಸಲೈನ್ ಸಣ್ಣಕರುಳಿನೊಳಕ್ಕೆ ನುಗ್ಗಿತು. ಆ ನುಗ್ಗುವಿಕೆಯನ್ನು ಕಣ್ಣಾರೆ ಕಾಣದೆ ಬಿಡಿಸಿದೆವೆಂದು ನಾನು ಎಂದೂ ಹೇಳುವುದಿಲ್ಲ. ಸುಮಾರು ಹತ್ತರಲ್ಲಿ ಒಂದು ಮಗುವಿಗೆ ಇದು ಮರುಕಳಿಸುವುದರಿಂದ ಮಗುವನ್ನು ಆಸ್ಪತ್ರೆಯಲ್ಲಿಯೇ ಉಳಿಸಿಕೊಂಡೆವು.

ಮಳೆಗಾಲದಲ್ಲಿ ಡೆಂಗಿಯ ಮಕ್ಕಳು ಬರುತ್ತಾರೆ. ಪಿತ್ತಕೋಶದ ಗೋಡೆ ಮೂರು ಮಿಲಿಮೀಟರ್ ಮೀರಿ ದಪ್ಪವಾಗಿದ್ದು, ಬಲ ಶ್ವಾಸಕೋಶದ ಸುತ್ತ ತೆಳುವಾಗಿ ನೀರು ಕಂಡರೆ, ರಕ್ತನಾಳಗಳಿಂದ ದ್ರವ ಸೋರುತ್ತಿದೆಯೆಂದು ವೈದ್ಯರಿಗೆ ಆಗಲೇ ಫೋನ್ ಮಾಡುತ್ತೇನೆ. ಜ್ವರ ಇಳಿಯಿತೆಂದು ಮನೆಯವರು ನಿರಾಳವಾಗುವ ಹೊತ್ತೇ ಅಪಾಯದ ಹೊತ್ತು. ಆದರೂ ಹೆಮಟೋಕ್ರಿಟ್ (ರಕ್ತದಲ್ಲಿ ಕೆಂಪು ಕಣಗಳ ಪಾಲು) ಮತ್ತು ಪ್ಲೇಟ್‌ಲೆಟ್ ಪರೀಕ್ಷೆಯ ಜಾಗವನ್ನು ಸ್ಕ್ಯಾನಿಂಗ್ ತುಂಬಲಾರದು.

ದೊಡ್ಡಕರುಳಿನ ಆರಂಭಕ್ಕೆ ಅಂಟಿಕೊಂಡಿರುವ ಸಣ್ಣ ನಾಳವಾದ ಅಪೆಂಡಿಕ್ಸಿನ ವಿಷಯದಲ್ಲಿ ನಾನು ಇನ್ನೂ ಎಚ್ಚರದಿಂದಿರುತ್ತೇನೆ. ಪ್ರೋಬಿನಿಂದ ಮೆಲ್ಲಮೆಲ್ಲಗೆ ಒತ್ತಿದರೂ ಚಪ್ಪಟೆಯಾಗದ, ಆರು ಮಿಲಿಮೀಟರಿಗಿಂತ ದಪ್ಪನೆಯ ನಾಳ ಕಂಡರೆ ಉರಿಯೂತವೆಂದು ಬರೆಯಬಹುದು. ಅದು ಕಣ್ಣಿಗೇ ಬೀಳದಿದ್ದರೆ ಕಾಣಲಿಲ್ಲವೆಂದೇ ವರದಿಯಲ್ಲಿ ಬರೆದು, ನೋವು ಮುಂದುವರಿದರೆ ಕೆಲವು ಗಂಟೆಗಳ ಬಳಿಕ ಮಗುವನ್ನು ಮತ್ತೆ ಕಳುಹಿಸುವಂತೆ ಮಕ್ಕಳ ತಜ್ಞರಿಗೆ ನಾನೇ ತಿಳಿಸುತ್ತೇನೆ.