ಸರಳ ಮದುವೆಗೆ ಅಡುಗೆಯವರನ್ನು ಗೊತ್ತುಮಾಡುವ ಮುನ್ನ

ಮದುವೆಯ ಖರ್ಚು ತಗ್ಗಿಸಬೇಕೆಂದು ಕುಳಿತ ಮನೆಯವರು ಮೊದಲು ಒಂದು ಪಲ್ಯವನ್ನೋ ಒಂದು ಸಿಹಿಯನ್ನೋ ಪಟ್ಟಿಯಿಂದ ತೆಗೆಯುತ್ತಾರೆ. ಅದರಿಂದ ಉಳಿಯುವುದು ಅಲ್ಪ. ಊಟದ ಖರ್ಚು ನಿಜವಾಗಿ ನಿಲ್ಲುವುದು ಎಲೆಗಳ, ಅಂದರೆ ಉಣ್ಣುವವರ, ಲೆಕ್ಕದ ಮೇಲೆ ಮತ್ತು ಉಗ್ರಾಣದ ಬೀಗದ ಕೈ ಯಾರ ಬಳಿ ಇರುತ್ತದೆ ಎಂಬುದರ ಮೇಲೆ. ಇವೆರಡನ್ನೂ ತೀರ್ಮಾನಿಸಿದ ಬಳಿಕವೇ ಅಡುಗೆಯವರನ್ನು ಕರೆಸಬೇಕು.

ನಮ್ಮ ಕೊಪ್ಪಳ, ಗಂಗಾವತಿ, ಸಿಂಧನೂರು ಕಡೆ ಅಡುಗೆ ಒಪ್ಪಿಸಲು ಎರಡು ದಾರಿಗಳಿವೆ. ಸಾಮಾನು ನಾವೇ ತಂದುಕೊಟ್ಟು ಅಡುಗೆಯವರಿಗೆ ಕೂಲಿ ಕೊಡುವುದು ಒಂದು. ಎಲೆಗೆ ಇಷ್ಟು ಎಂದು ಪೂರ್ತಿ ಗುತ್ತಿಗೆ ಕೊಡುವುದು ಇನ್ನೊಂದು. ಮೊದಲನೆಯದು ಅಗ್ಗವೆಂದು ಎಲ್ಲರೂ ಹೇಳುತ್ತಾರೆ. ಆದರೆ ಆ ಮಾತು ನಿಜವಾಗಬೇಕಾದರೆ ಉಗ್ರಾಣದ ಬಾಗಿಲಲ್ಲಿ ಕುಳಿತು, ಮಂಟಪದ ಕಡೆಗೆ ಹೋಗುವ ಆಸೆಯನ್ನು ಬಿಟ್ಟು, ಕೇಳಿದ್ದನ್ನು ಅಳೆದು ಕೊಡುವ ಒಬ್ಬ ಚಿಕ್ಕಪ್ಪನೋ ಸೋದರಮಾವನೋ ಮನೆಯಲ್ಲಿ ಇರಬೇಕು. ಅಂಥವರು ಇಲ್ಲದಿದ್ದರೆ ಎಣ್ಣೆ, ತುಪ್ಪ, ಬೆಲ್ಲ ಎಲ್ಲಿ ಕರಗಿದವೆಂದು ತಿಳಿಯುವುದೇ ಇಲ್ಲ. ಆಗ ಎಲೆ ಲೆಕ್ಕದ ಗುತ್ತಿಗೆಯೇ ಲೇಸು.

ಸಾಮಾನು ನೀವೇ ತರುವುದಾದರೆ ಅಕ್ಕಿಯಿಂದ ಆರಂಭಿಸಿರಿ. ಗಂಗಾವತಿ, ಕಾರಟಗಿ, ಸಿಂಧನೂರುಗಳಲ್ಲಿ ಅಕ್ಕಿ ಗಿರಣಿಗಳು ಇರುವುದರಿಂದ ಸೋನಾ ಮಸೂರಿಯನ್ನು ಚೀಲದ ಲೆಕ್ಕದಲ್ಲಿ ಅಲ್ಲಿಂದಲೇ ಕೊಳ್ಳಬಹುದು. ಹೊಸ ಅಕ್ಕಿಯ ಬೆಲೆ ತುಸು ಕಡಿಮೆ ಎಂದು ಮನಸ್ಸು ಮಾಡಬೇಡಿರಿ. ಅದು ಕೊಪ್ಪರಿಗೆಯಲ್ಲಿ ಮುದ್ದೆಯಾಗುತ್ತದೆ. ಹಳೆಯ ಅಕ್ಕಿ ಹೆಚ್ಚು ನೀರು ಕುಡಿದು ಉದುರಾಗಿ ಅರಳುವುದರಿಂದ ಅದೇ ತೂಕಕ್ಕೆ ಹೆಚ್ಚು ಎಲೆಗಳಿಗೆ ಬರುತ್ತದೆ. ರೊಟ್ಟಿ, ಹುಗ್ಗಿ ಇರುವ ಊಟಕ್ಕೆ ಒಂದು ಕೆ.ಜಿ. ಅಕ್ಕಿ ಸುಮಾರು 10 ಜನಕ್ಕೆ ಸಾಲುತ್ತದೆ. 500 ಎಲೆಗಳಿಗೆ 50 ಕೆ.ಜಿ. ಅಕ್ಕಿ, ಸಾರಿಗೆ 12ರಿಂದ 15 ಕೆ.ಜಿ. ತೊಗರಿಬೇಳೆ ಎಂದು ಲೆಕ್ಕ ಇಟ್ಟುಕೊಂಡರೆ ಅಡುಗೆಯವರು ಬರೆದುಕೊಟ್ಟ ಸಾಮಾನಿನ ಚೀಟಿಯನ್ನು ಓದುವ ಧೈರ್ಯ ಬರುತ್ತದೆ. ಚೀಟಿಯಲ್ಲಿ ಹೆಚ್ಚು ಬರೆದವರೆಲ್ಲರೂ ಮೋಸಗಾರರೇನಲ್ಲ. ಪಂಕ್ತಿಯ ನಡುವೆ ಅನ್ನ ಮುಗಿದರೆ ಬೀಗರ ಮುಂದೆ ಮಾತು ಕೇಳಬೇಕಾದವರು ಅವರೇ. ಆದ್ದರಿಂದ ಚೀಟಿ ಕಡಿಯುವುದಕ್ಕಿಂತ, ಬಾಯಿ ಬಿಚ್ಚದ ಚೀಲಗಳನ್ನೂ ಒಡೆಯದ ಎಣ್ಣೆ ಡಬ್ಬಿಗಳನ್ನೂ ಹಿಂದಕ್ಕೆ ಪಡೆಯುವಂತೆ ಕಿರಾಣಿ ಅಂಗಡಿಯವರೊಂದಿಗೆ ಮೊದಲೇ ಮಾತಾಡಿಕೊಳ್ಳುವುದು ಜಾಣತನ.

ಅಡುಗೆಯ ಪಟ್ಟಿಯ ವಿಷಯದಲ್ಲಿ ನನ್ನ ಅಭಿಪ್ರಾಯ ಸ್ಪಷ್ಟವಾಗಿದೆ: ಈ ಸೀಮೆಯ ಅಡುಗೆಯನ್ನು ಈ ಸೀಮೆಯವರ ಕೈಯಿಂದ ಮಾಡಿಸಿರಿ. ಗೋಬಿ ಮಂಚೂರಿ, ಪನ್ನೀರು, ಐಸ್‌ಕ್ರೀಮು ಎಂದು ಬೇರೆ ಬೇರೆ ಕೌಂಟರುಗಳನ್ನು ಹಾಕಿಸಿದಷ್ಟೂ ಅಡುಗೆಯವರ ಗಮನ ಹರಿದು ಹಂಚಿಹೋಗುತ್ತದೆ, ಕೊನೆಗೆ ಸಾರಿಗೆ ಉಪ್ಪಿರುವುದಿಲ್ಲ. ಜೋಳದ ರೊಟ್ಟಿ, ಬದನೆಕಾಯಿ ಎಣ್ಣೆಗಾಯಿ, ಶೇಂಗಾ ಹಿಂಡಿ, ಗೋಧಿ ಹುಗ್ಗಿ, ಅನ್ನ, ಸಾರು, ಮಜ್ಜಿಗೆ, ಒಂದು ಹಪ್ಪಳ ಇಷ್ಟಿದ್ದರೆ ಬೀಗರು ಯಾವ ಊರಿನವರಾದರೂ ಕೊರತೆ ಎನ್ನುವಂತಿಲ್ಲ. ಕೊಪ್ಪಳದ ಗವಿಮಠದ ಜಾತ್ರೆಯ ದಾಸೋಹಕ್ಕೆ ಊರೂರಿನ ಮನೆಗಳಿಂದ ರೊಟ್ಟಿ ಬರುತ್ತದೆ, ಬಡವ ಬಲ್ಲಿದರೆಲ್ಲರೂ ಅದನ್ನು ಸಂತೋಷದಿಂದ ಉಣ್ಣುತ್ತಾರೆ. ಮದುವೆಯ ಎಲೆಯಲ್ಲಿ ರೊಟ್ಟಿ ಬಡಿಸಲು ಸಂಕೋಚವೇಕೆ? ಬಿಸಿ ರೊಟ್ಟಿ ಬಡಿಯುವವರಿಗೆ ಆ ದಿನ ಕೂಲಿ ಕೊಡುವುದು ಭಾರವೆನಿಸಿದರೆ, ಮನೆಯಲ್ಲಿ ರೊಟ್ಟಿ ಮಾಡಿ ಮಾರುವ ಹೆಣ್ಣುಮಕ್ಕಳಿಗೆ ಖಡಕ್ ರೊಟ್ಟಿಯನ್ನು ವಾರ ಮೊದಲೇ ಹೇಳಿಡಬಹುದು. ತೇವ ತಗುಲದಂತೆ ಇಟ್ಟರೆ ಅದು ಕೆಡುವುದಿಲ್ಲ.

ಅಡುಗೆಯವರ ಕೈಗುಣ ತಿಳಿಯುವುದು ಹುಗ್ಗಿಯಲ್ಲಿ. ಕುಟ್ಟಿದ ಗೋಧಿಯನ್ನು ಹಿಂದಿನ ರಾತ್ರಿಯೇ ನೆನೆಹಾಕಿ, ನಸುಕಿನಲ್ಲಿ ಒಲೆಗೇರಿಸಿ, ಕಾಳನ್ನು ಎರಡು ಬೆರಳ ನಡುವೆ ಹಿಚುಕಿದರೆ ನಡುವೆ ಬಿಳಿಯ ಗಟ್ಟಿ ಉಳಿಯದಷ್ಟು ಬೇಯಿಸಿದ ಮೇಲೆಯೇ ಬೆಲ್ಲ ಹಾಕಬೇಕು. ಅವಸರದಲ್ಲಿ ಬೆಲ್ಲ ಮೊದಲು ಬಿದ್ದರೆ ಆಮೇಲೆ ಎಷ್ಟು ಉರಿ ಹಾಕಿದರೂ ಗೋಧಿ ಮೆತ್ತಗಾಗುವುದಿಲ್ಲ. ಆದ್ದರಿಂದ ಮಾತುಕತೆಗೆ ಬಂದವರನ್ನು ದರಕ್ಕಿಂತ ಮೊದಲು, ಹುಗ್ಗಿಯನ್ನು ಎಷ್ಟು ಗಂಟೆಗೆ ಒಲೆಗೆ ಇಡುವಿರಿ ಎಂದು ಕೇಳಿರಿ. ಸೂರ್ಯ ಹುಟ್ಟಿದ ಮೇಲೆ ಎನ್ನುವವರಿಗೆ ಬೇರೆ ಮನೆ ಸಿಗಲಿ. ಅಡುಗೆಯವರು ನಿಮಗೆ ರುಚಿ ನೋಡಲೆಂದು ತಂದುಕೊಡುವ ಡಬ್ಬಿಯ ಊಟವನ್ನೂ ನಂಬಬೇಕಾಗಿಲ್ಲ. ಅವರು ಅಡುಗೆ ಮಾಡುತ್ತಿರುವ ಇನ್ನೊಂದು ಮದುವೆಗೆ ಹೋಗಿ ಕೊನೆಯ ಪಂಕ್ತಿಯಲ್ಲಿ ಕುಳಿತು ಉಂಡರೆ, ಸಾರಿಗೆ ನೀರು ಬಿದ್ದಿದೆಯೋ, ಪಲ್ಯ ಎಲೆಯ ತುದಿಗೆ ಸರಿದಿದೆಯೋ ಎಲ್ಲವೂ ಕಣ್ಣಿಗೆ ಬೀಳುತ್ತದೆ.

ಬೆಳಗಿನ ಉಪಾಹಾರಕ್ಕೆ ಮಂಡಕ್ಕಿ ವಗ್ಗರಣಿ, ಮಿರ್ಚಿ ಸಾಕು. ಆದರೆ ವಗ್ಗರಣಿಯನ್ನು ಬುಟ್ಟಿಗಟ್ಟಲೆ ಒಮ್ಮೆಗೇ ಕಲಸದೆ, ಜನ ಬಂದಂತೆ ಕಲಸಬೇಕೆಂದು ಹೇಳಿರಿ. ಬೇಸಿಗೆಯ ಮದುವೆಯಲ್ಲಿ ಹಸಿ ಕೊಬ್ಬರಿ ಚಟ್ನಿ ಬೇಡವೇ ಬೇಡ. ನಮ್ಮ ಬಿಸಿಲಿಗೆ ಅದು ಮುಹೂರ್ತದವರೆಗೂ ತಡೆಯುವುದಿಲ್ಲ. ಅದೇ ಬಿಸಿಲಿಗೆ ಕುಡಿಯುವ ನೀರನ್ನು ತಲೆಗೆ ಒಂದು ಲೀಟರಿನಂತೆ, ಅಂದರೆ 20 ಲೀಟರಿನ ಕ್ಯಾನ್ ಒಂದಕ್ಕೆ 20 ಜನರಂತೆ ತರಿಸಿರಿ.

ಪಂಕ್ತಿಯೋ ಬಫೆಯೋ ಎಂಬ ಚರ್ಚೆ ಎಲ್ಲ ಮನೆಯಲ್ಲೂ ನಡೆಯುತ್ತದೆ. ಬಫೆಯಲ್ಲಿ ಬಡಿಸುವವರ ಕೂಲಿ ಉಳಿಯುತ್ತದೆ, ತಟ್ಟೆಯಲ್ಲಿ ಬಿಡುವ ಅನ್ನ ಹೆಚ್ಚುತ್ತದೆ. ಅರಿಷಿಣದ ಸಂಜೆಗೆ ಬಫೆ, ಅಕ್ಕಿಕಾಳಿನ (ಮುಹೂರ್ತದ ಅಕ್ಷತೆಯ) ನಂತರದ ಊಟಕ್ಕೆ ಪಂಕ್ತಿ ಎಂದಿಟ್ಟುಕೊಂಡರೆ ಹಿರಿಯರಿಗೂ ಬೇಸರವಾಗದು. ಆನೆಗೊಂದಿಯ ಕಡೆ ಬಾಳೆ ತೋಟಗಳಿವೆ, ಎಲೆ ಅಲ್ಲಿಂದ ಬರಲಿ. ಇಲ್ಲವೇ ಮುತ್ತಲ ಎಲೆ ಸಾಕು. ಪ್ಲಾಸ್ಟಿಕ್ ತಟ್ಟೆ, ಲೋಟಗಳಿಗೆ ಕರ್ನಾಟಕದಲ್ಲಿ 2016ರಿಂದಲೇ ನಿಷೇಧವಿದೆ.

ಗುತ್ತಿಗೆ ಕೊಡುವುದಾದರೆ ಎಲ್ಲವೂ ಹಾಳೆಯ ಮೇಲೆ ಇರಲಿ. ನೀವು ಅಂದಾಜಿಸಿದ ಜನರಲ್ಲಿ ಮುಕ್ಕಾಲು ಭಾಗದಷ್ಟು ಎಲೆಗಳಿಗೆ ಮಾತ್ರ ಖಚಿತ ಮಾತು ಕೊಟ್ಟು, ಮೇಲೆ ಬಂದವರಿಗೂ ಅದೇ ದರ ಎಂದು ಬರೆಸಿರಿ. ವಾದ್ಯದವರು, ವಾಹನ ಚಾಲಕರು, ಫೋಟೊ ತೆಗೆಯುವವರು, ಚಿಕ್ಕ ಮಕ್ಕಳು ಲೆಕ್ಕಕ್ಕೆ ಸೇರುತ್ತಾರೆಯೇ ಎಂಬುದನ್ನೂ ಬಿಡಬೇಡಿರಿ. ಜಗಳ ಹುಟ್ಟುವುದು ಅಲ್ಲಿಯೇ. ಎಲೆಯ ಕಟ್ಟುಗಳನ್ನು ಊಟಕ್ಕೆ ಮೊದಲು ಮತ್ತು ನಂತರ ನಿಮ್ಮವರೊಬ್ಬರು ಅಡುಗೆಯವರ ಎದುರಿಗೇ ಎಣಿಸಲಿ. ಪಾತ್ರೆ ಬಾಡಿಗೆ, ನೀರು, ಬಡಿಸುವವರು, ಎಂಜಲೆಲೆ ತೆಗೆಯುವವರು, ಗ್ಯಾಸು ಯಾರ ಪಾಲಿಗೆ ಎಂಬುದು ಹಾಳೆಯಲ್ಲಿ ಇರಬೇಕು. ಮನೆಯ ಬಳಕೆಯ 14.2 ಕೆ.ಜಿ. ಸಿಲಿಂಡರನ್ನು ಇಂಥ ಅಡುಗೆಗೆ ಹಚ್ಚುವಂತಿಲ್ಲ, 19 ಕೆ.ಜಿ.ಯ ವಾಣಿಜ್ಯ ಸಿಲಿಂಡರೇ ಬೇಕು. ಕೇಟರಿಂಗ್ ನಡೆಸುವವರ ಬಳಿ ಆಹಾರ ಸುರಕ್ಷತಾ ಪ್ರಾಧಿಕಾರವಾದ ಎಫ್‌ಎಸ್‌ಎಸ್‌ಎಐನ 14 ಅಂಕಿಯ ನೋಂದಣಿ ಅಥವಾ ಪರವಾನಗಿ ಸಂಖ್ಯೆ ಇದೆಯೇ, ಹೇಳಿದ ದರದಲ್ಲಿ ಜಿಎಸ್‌ಟಿ ಸೇರಿದೆಯೇ ಎಂದೂ ಕೇಳಿಕೊಳ್ಳಿರಿ.

ಮುಂಗಡವಾಗಿ ಮೂರರಲ್ಲಿ ಒಂದು ಪಾಲಿಗಿಂತ ಹೆಚ್ಚು ಕೊಡಬೇಡಿರಿ. ಬಾಕಿಯನ್ನು ಮಾತ್ರ ನಾಳೆ, ನಾಡಿದ್ದು ಎನ್ನದೆ, ಬಾಡಿಗೆ ಪಾತ್ರೆಗಳನ್ನು ತೊಳೆಸಿ, ಸೌಟು, ಬಕೆಟ್ಟುಗಳನ್ನು ಎಣಿಸಿ ಅಂಗಡಿಯವರಿಗೆ ಒಪ್ಪಿಸಿದ ಕೂಡಲೇ, ಅಡುಗೆಯವರು ಮಂಟಪ ಬಿಡುವ ಮೊದಲು ಕೈಗೆ ಕೊಟ್ಟು ಹಾಳೆಯ ಮೇಲೆ ಸಹಿ ಪಡೆಯಿರಿ.